ಮಗಳು ವಯೋಲಿನ್ ನುಡಿಸಿಯೇ ಬದುಕ್ತೀನಿ ಅಂತಾಳೆ, ಏನು ಹೇಳಲಿ?

ಬ್ರಹ್ಮಪುರದ ತಾಯಿ, ಕಲಬುರಗಿ:
ನಮಸ್ಕಾರ ರೀ. ನಮ್ಮ ಮಗಳು ಈ ವರ್ಷ ಎಸ್ಸೆಸ್ಸೆಲ್ಸಿ ಮುಗಿಸಿದಳು. ಚಿಕ್ಕಂದಿನಿಂದ ಇಲ್ಲೇ ಒಬ್ಬ ಗುರುಗಳ ಹತ್ತಿರ ಹಿಂದೂಸ್ತಾನಿ ವಯೋಲಿನ್ ಕಲಿಯುತ್ತಿದ್ದಾಳೆ. ಭೂಪ, ಯಮನ್, ದುರ್ಗಾ ರಾಗಗಳನ್ನು ಚೆನ್ನಾಗಿ ನುಡಿಸುತ್ತಾಳೆ. ಈಗ ಇದನ್ನೇ ಮಾಡ್ತೀನಿ ಅಂತ ಹಠ. ಅವರಪ್ಪ ಬೇಡ ಅನ್ನುವುದಿಲ್ಲ, ಆದರೆ "ಹೊಟ್ಟೆಪಾಡು ಹೆಂಗ?" ಅಂತ ಕೇಳುತ್ತಾರೆ. ಬಳಗದವರೆಲ್ಲ ಪಿಯುಸಿ ಸೈನ್ಸ್ ಅಂತಿದ್ದಾರೆ. ಈ ದಾರಿಯಲ್ಲಿ ನಡೆದವರು ಇದ್ದರೆ ಇದ್ದದ್ದು ಇದ್ದ ಹಾಗೆ ಹೇಳಿ.

ಹಳೆಯ ವಾದಕ, ಶಹಾಬಜಾರ:
ಅಕ್ಕಾರೇ, ನಾನು ವಯೋಲಿನ್ ನಂಬಿಯೇ ಮನೆ ನಡೆಸಿದವನು. ಆದರೆ ಮನೆಗೆ ಬಂದ ದುಡ್ಡಿನಲ್ಲಿ ಜಾಸ್ತಿ ಪಾಲು ಪಾಠ ಹೇಳಿ ಬಂದದ್ದು. ಶ್ರಾವಣದಲ್ಲಿ ಮಠಗಳ ಪುರಾಣ, ಜಾತ್ರೆಯಲ್ಲಿ ಸಂಗೀತ ಸೇವೆ, ಆಗೊಮ್ಮೆ ಈಗೊಮ್ಮೆ ಆಕಾಶವಾಣಿ, ವಚನ ಗಾಯನದ ತಂಡಗಳು. ಒಬ್ಬನೇ ಕೂತು ಒಂದು ರಾಗವನ್ನು ಮನಸ್ಸು ತುಂಬ ನುಡಿಸುವ ಕಛೇರಿ ವರ್ಷಕ್ಕೆ ಬೆರಳೆಣಿಕೆಯಷ್ಟು ಸಿಕ್ಕರೆ ಪುಣ್ಯ. ಇದು ಮಗಳಿಗೆ ಈಗಲೇ ಗೊತ್ತಿರಲಿ.

ಇನ್ನೊಂದು ಮಾತು, ಇದನ್ನು ಯಾರೂ ಬಿಡಿಸಿ ಹೇಳುವುದಿಲ್ಲ. ಕರ್ನಾಟಕ ಸಂಗೀತದಲ್ಲಿ ಹಾಡುವವರ ಪಕ್ಕ ವಯೋಲಿನ್ ಇರಲೇಬೇಕು. ನಮ್ಮ ಕಡೆಯ ಹಿಂದೂಸ್ತಾನಿ ಬೈಠಕ್‌ನಲ್ಲಿ, ಅಂದರೆ ಕಛೇರಿಯಲ್ಲಿ, ಆ ಜಾಗ ಹಾರ್ಮೋನಿಯಂದು. ಗದುಗಿನ ಪುಟ್ಟರಾಜ ಗವಾಯಿಗಳು ಸ್ವತಃ ವಯೋಲಿನ್ ನುಡಿಸುತ್ತಿದ್ದರು. ಹಾಗಿದ್ದೂ ನಮ್ಮ ಭಾಗದಲ್ಲಿ ಸಾಥ್‌ಗೆ, ಅಂದರೆ ಹಾಡುವವರ ಜೊತೆ ನುಡಿಸಲು, ಮೊದಲು ಕರೆಯುವುದು ಹಾರ್ಮೋನಿಯಂ ಪೇಟಿಯವರನ್ನೇ. ಮೈಸೂರಿನಲ್ಲೋ ಬೆಂಗಳೂರಿನಲ್ಲೋ ಒಬ್ಬ ಎಳೆಯ ವಾದಕಿ ಪಕ್ಕವಾದ್ಯ ನುಡಿಸುತ್ತಾ ಹೆಸರು ಮಾಡಬಹುದು. ಮೈಸೂರಿನ ಹೆಸರಾಂತ ವಯೋಲಿನ್ ವಾದಕ ಚೌಡಯ್ಯನವರೂ ಚೆಂಬೈ ಅವರಂಥ ದೊಡ್ಡ ಗಾಯಕರಿಗೆ ನುಡಿಸಿದವರೇ. ಮೈಕ್ ಇಲ್ಲದ ಕಾಲ, ಹಿಂದೆ ಕೂತವರಿಗೂ ಕೇಳಲಿ ಅಂತ ನಾಲ್ಕು ತಂತಿಯ ವಾದ್ಯಕ್ಕೆ ಏಳು ತಂತಿ ಕಟ್ಟಿದರು. ಹಿಂದೂಸ್ತಾನಿಯಲ್ಲಿ ಆ ಮೆಟ್ಟಿಲು ಕಿರಿದು. ಬೇಗನೆ ಒಬ್ಬಳೇ ನಿಲ್ಲಬೇಕು.

ಹಾಗಂತ ಪದ್ಧತಿ ಬದಲಿಸಿ ಅನ್ನುತ್ತಿಲ್ಲ. ಹಿಂದೂಸ್ತಾನಿ ವಯೋಲಿನ್ ವಾದಕಿ ಎನ್. ರಾಜಂ ಅವರ ವಾದನ ಕೇಳಿಸಿ. 1938ರಲ್ಲಿ ಹುಟ್ಟಿದವರು, ತಂದೆಯಿಂದ ಕಲಿತದ್ದು ಕರ್ನಾಟಕ ಸಂಗೀತ. ಆಮೇಲೆ ಓಂಕಾರನಾಥ ಠಾಕೂರರ ಹತ್ತಿರ ಹೋದರು. ಠಾಕೂರರು ಗಾಯಕರು! ಗಂಟಲಲ್ಲಿ ಬರುವ ಮೀಂಡ್ (ಒಂದು ಸ್ವರದಿಂದ ಇನ್ನೊಂದಕ್ಕೆ ಜಾರುವುದು), ಉಸಿರು ತೆಗೆದುಕೊಳ್ಳುವ ಜಾಗ ಎಲ್ಲವನ್ನೂ ರಾಜಂ ಕಮಾನಿಗೆ ತಂದರು. ಅಂಥವರೂ ಬನಾರಸ್ ಹಿಂದೂ ವಿಶ್ವವಿದ್ಯಾಲಯದಲ್ಲಿ ಸುಮಾರು 40 ವರ್ಷ ಪಾಠ ಮಾಡಿದರು. ಯಜಮಾನರಿಗೆ ಇದನ್ನು ಹೇಳಿ. ಕಲಿಸುವುದು ಸೋತವರ ಕೆಲಸ ಅಲ್ಲ.

ಅದಕ್ಕೇ ನನ್ನ ಸಲಹೆ, ಮಗಳಿಗೆ ಹಾಡಲು ಕಲಿಸಿ. ದನಿ ಹೇಗೇ ಇರಲಿ. ವಯೋಲಿನ್‌ಗೆ ಸಿತಾರಿನ ಹಾಗೆ ಸ್ವರದ ಜಾಗ ತೋರಿಸುವ ಪರದೆ, ಅಂದರೆ ಅಡ್ಡಪಟ್ಟಿ, ಇಲ್ಲ. ಬೆರಳು ಕೂದಲೆಳೆ ಸರಿದರೂ ಸ್ವರ ಕೆಡುತ್ತದೆ. ಗಂಟಲಲ್ಲಿ ಇಲ್ಲದ ಗಾಂಧಾರ ಬೆರಳಿಗೆ ಎಲ್ಲಿಂದ ಬರಬೇಕು? ನನ್ನ ಶಿಷ್ಯರಿಗೆ ಬಂದಿಶ್ (ರಾಗದಲ್ಲಿ ಕಟ್ಟಿದ ಹಾಡು) ಹಾಡಿ ಒಪ್ಪಿಸುವ ತನಕ ಕಮಾನು ಮುಟ್ಟಲು ಬಿಡುವುದಿಲ್ಲ. ಪೋಷಕರು ಬೇಜಾರು ಮಾಡಿಕೊಳ್ಳುತ್ತಾರೆ, ಮಾಡಿಕೊಳ್ಳಲಿ.

ಸೇಡಂ ಹುಡುಗಿ, ಈಗ ಧಾರವಾಡ:
ಅಕ್ಕಾ, ನಾನು ಪಿಯುಸಿ ಆರ್ಟ್ಸ್ ಮಾಡಿ ಸಂಗೀತದ ಪದವಿಗೆ ಧಾರವಾಡಕ್ಕೆ ಬಂದೆ. ಸೈನ್ಸ್ ತೆಗೆದುಕೊಂಡ ಗೆಳತಿಯರಿಗೆ ಕೋಚಿಂಗ್ ಮುಗಿಸಿ ಮನೆಗೆ ಬರುವಷ್ಟರಲ್ಲಿ ರಾತ್ರಿ ಆಗ್ತಿತ್ತು. ರಿಯಾಜ್, ಅಂದರೆ ಅಭ್ಯಾಸ, ಯಾವಾಗ ಮಾಡಬೇಕು ಹೇಳಿ? ಕಾಮರ್ಸ್ ಆದರೂ ಸರಿ, ಬೆಳಗಿನ ಹೊತ್ತು ಅವಳಿಗೆ ಉಳಿಯಬೇಕು. ಗಾಂಧರ್ವ ಮಹಾವಿದ್ಯಾಲಯ ಮಂಡಲದ ಸಂಗೀತ ಪರೀಕ್ಷೆಗಳನ್ನೂ ಕಟ್ಟಿಸಿ. ಅದರಲ್ಲಿ ವಿಶಾರದ ಪರೀಕ್ಷೆ ಆಗಿದ್ದರೆ ಮುಂದೆ ಪಾಠ ಹೇಳುವಾಗ ಕೇಳುತ್ತಾರೆ.

ಮೈಕೈ ಬಗ್ಗೆಯೂ ಗಮನ ಕೊಡಿ. ನೆಲದ ಮೇಲೆ ಕೂತು, ವಯೋಲಿನ್ ತಲೆಯನ್ನು ಬಲಗಾಲಿನ ಮೇಲೆ ಇಟ್ಟು ತಾಸುಗಟ್ಟಲೆ ನುಡಿಸಿದರೆ ಕುತ್ತಿಗೆ, ಎಡ ಭುಜ, ಸೊಂಟ ಹಿಡಿಯುತ್ತವೆ. ನೋವು ಬಂದರೂ ಹಲ್ಲು ಕಚ್ಚಿ ನುಡಿಸು ಅನ್ನುವವರ ಮಾತು ಕೇಳಬೇಡಿ. ಎದ್ದು ಓಡಾಡಿ ಮತ್ತೆ ಕೂರಲಿ.

ಬ್ರಹ್ಮಪುರದ ತಾಯಿ, ಕಲಬುರಗಿ:
ಇಬ್ಬರಿಗೂ ಶರಣು. ಅವರಪ್ಪನಿಗೆ ಓದಿ ಹೇಳಿದೆ, ಸೈನ್ಸ್ ಮಾತು ಸದ್ಯ ನಿಂತಿದೆ. ಹಾಡಿನ ಪಾಠಕ್ಕೂ ಸೇರಿಸುತ್ತೇವೆ. ಇನ್ನೊಂದು ಕೇಳಬೇಕಿತ್ತು. ಈ ಬೇಸಿಗೆಯಲ್ಲಿ ವಯೋಲಿನ್‌ನ ತಂತಿ ಬಿಗಿ ಮಾಡುವ ಬಿರಟೆ ನಿಲ್ಲುತ್ತಲೇ ಇಲ್ಲ, ತಂತಿ ಸಡಿಲ ಆಗುತ್ತದೆ. ಪಕ್ಕದ ಅಂಚಿನಲ್ಲಿ ಸಣ್ಣ ಬಿರುಕೂ ಕಾಣುತ್ತಿದೆ. ವಾದ್ಯ ಹಾಳಾಯಿತಾ?

ಹಳೆಯ ವಾದಕ, ಶಹಾಬಜಾರ:
ಗಾಬರಿ ಬೇಡ. ನಮ್ಮ ಒಣ ಬಿಸಿಲಿಗೆ ಕಟ್ಟಿಗೆ ಕುಗ್ಗುತ್ತದೆ, ಅದಕ್ಕೇ ಬಿರಟೆ ಜಾರುತ್ತದೆ. ತಿರುಗಿಸುವಾಗ ಒಳಕ್ಕೆ ಒತ್ತಿ ತಿರುಗಿಸಲಿ. ಹಲಗೆಗಳ ಕೂಡಿಕೆ ಬಿಟ್ಟಿದ್ದರೆ ಅದು ಅಂಟು ಬಿಟ್ಟದ್ದು. ವಯೋಲಿನ್‌ಗೆ ಬಳಸುವ ಚರ್ಮದ ಅಂಟು ಹಲಗೆ ಸೀಳುವ ಮೊದಲು ತಾನೇ ಬಿಡಲಿ ಅಂತಲೇ ಇರುವುದು. ವಾದ್ಯ ರಿಪೇರಿ ಬಲ್ಲವರು ಮತ್ತೆ ಕೂಡಿಸುತ್ತಾರೆ. ಮನೆಯಲ್ಲಿ ಫೆವಿಕಾಲ್ ಮಾತ್ರ ಹಚ್ಚಬೇಡಿ, ಆಮೇಲೆ ಬಿಚ್ಚುವುದು ಕಷ್ಟ. ಬಿಸಿಲಲ್ಲಿ ನಿಂತ ಕಾರಿನಲ್ಲಿ ವಾದ್ಯ ಬಿಡಬೇಡಿ. ನುಡಿಸಿದ ಮೇಲೆ ಕಮಾನಿನ ಕೂದಲು ಸಡಿಲ ಮಾಡಿಡಲಿ. ಬಿರುಕು ಕೂಡಿಕೆಯಲ್ಲಿ ಇಲ್ಲದೆ ಹಲಗೆಯಲ್ಲೇ ಇದ್ದರೆ ತಂತಿ ಸ್ವಲ್ಪ ಇಳಿಸಿ, ರಿಪೇರಿ ಆಗುವವರೆಗೆ ನುಡಿಸುವುದು ಬೇಡ. ಅಷ್ಟು ದಿನ ಹಾಡಲಿ.