ಸಹಾಯ ಬೇಕು: ಅಮ್ಮನಿಗೆ ತೋರಿಸುವಂಥ ಸಾಕ್ಷ್ಯಚಿತ್ರ ಇದೆಯಾ?

ಅಕ್ಕನ ಮಗನಿಗೆ 11 ವರ್ಷ. ಸ್ಕಿಜೋಫ್ರೇನಿಯಾ (ಇಲ್ಲದ ದನಿ ಕೇಳಿಸುವಂಥ ಮಾನಸಿಕ ಕಾಯಿಲೆ) ಇರಬಹುದು ಅಂದಿದ್ದಾರೆ ಡಾಕ್ಟರು. 13ಕ್ಕೆ ಮೊದಲು ಇದು ಶುರುವಾಗುವುದು ತುಂಬಾ ಅಪರೂಪವಂತೆ, ಅದಕ್ಕೇ ಇನ್ನೂ ಖಚಿತವಾಗಿ ಹೇಳಿಲ್ಲ.

ಅಮ್ಮನಿಗೆ ಅರ್ಥವಾಗಲಿ ಅಂತ ಯೂಟ್ಯೂಬಿನಲ್ಲಿ ಅಮೆರಿಕದ ಮೂರು ಸಾಕ್ಷ್ಯಚಿತ್ರ ಹಾಕಿದೆ. ತಪ್ಪಾಯಿತು. ಮಗು ಕಿರುಚುವುದು, ತಾಯಿ ಅಳುವುದು, ಹಿಂದೆ ಹೆದರಿಸುವ ಮ್ಯೂಸಿಕ್ಕು. ಮಾತ್ರೆ ನುಂಗಿ ಸ್ಕೂಲಿಗೆ ಹೋದ ದಿನ, ತಂಗಿಯ ಜೊತೆ ಸುಮ್ನೆ ಆಡಿದ ಸಂಜೆ ಒಂದೂ ಇಲ್ಲ. ಈಗ ಅಮ್ಮ ಇವನ ಹತ್ತಿರ ಇವನ ತಂಗಿಯನ್ನೇ ಬಿಡುತ್ತಿಲ್ಲ. ಇವನೋ, ಯಾರೋ ಕರೆದಂತಾಯಿತು ಅಂತ ಮೂಲೆ ನೋಡುತ್ತಾ ಕೂರುವ ಹುಡುಗ, ಅಷ್ಟೇ.

ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೂ ಫೋನ್ ಮಾಡಿದೆ. ಕನ್ನಡದಲ್ಲೇ ಸಮಾಧಾನವಾಗಿ ಮಾತಾಡಿದರು. ಆದರೆ ಅಮ್ಮ ಫೋನ್ ಹಿಡಿಯಲೇ ಇಲ್ಲ, ಟಿವಿಯಲ್ಲಿ ಕಂಡದ್ದೇ ನಿಜ ಅಂತಾರೆ.

ಇಂಥ ಮನೆಯ ಮಾಮೂಲಿ ದಿನಗಳನ್ನೂ ತೋರಿಸುವ, ಹಿರಿಯರ ಜೊತೆ ಕೂತು ನೋಡಬಹುದಾದ ಸಾಕ್ಷ್ಯಚಿತ್ರ ಯಾವುದಾದರೂ ನೀವು ನೋಡಿದ್ದೀರಾ?