ಬೂಸ್ಟು ಹಿಡಿದ ಫ್ಲಾಪಿಯಲ್ಲಿ ಅಣ್ಣನ ಚೆನ್ನೆಮಣೆ ಗೇಮ್ ಉಂಟು, ತೆಗೆಯುದು ಹೇಗೆ?

ಕಾಪು_ಕಡಲು:
ನಮ್ಮ ಮನೆಯ ಮಾಡು ರಿಪೇರಿ ಮಾಡುವಾಗ ಅಟ್ಟದಲ್ಲಿ ಬಿಸ್ಕೆಟ್ ಡಬ್ಬಿ ಸಿಕ್ತು, ಒಳಗೆ ಆರು ಫ್ಲಾಪಿ, ಒಂದರ ಮೇಲೆ ಅಣ್ಣನ ಅಕ್ಷರದಲ್ಲಿ "ಚೆನ್ನೆ 1996" ಅಂತ ಉಂಟು. ಅವ ಡಿಪ್ಲೊಮಾ ಮಾಡುವಾಗ ಟರ್ಬೊ ಪಾಸ್ಕಲ್ ಅಂತ ಹಳೇ ಪ್ರೋಗ್ರಾಮಿಂಗ್ ಸಾಫ್ಟ್‌ವೇರಿನಲ್ಲಿ ಬರೆದ ಚೆನ್ನೆಮಣೆ ಆಟ ಅದು, 14 ಗುಳಿ, ಗುಳಿಗೆ 4 ಬೀಜ, ಆಟಿಯ ಮಳೆಗೆ ಅಜ್ಜಿ ಸಹ ಕಂಪ್ಯೂಟರ್ ಎದುರು ಕೂತು ಆಡಿದ್ರು. ಯುಎಸ್‌ಬಿ ಡ್ರೈವಿಗೆ ಹಾಕಿದ್ರೆ ಕರಕರ ಅಂತದೆ, ಫಾರ್ಮ್ಯಾಟ್ ಮಾಡ್ಬೇಕಾ ಕೇಳ್ತದೆ. ಶಟರ್ ಸರಿಸಿ ನೋಡಿದೆ, ಬಿಳಿ ಚುಕ್ಕೆ ಕಾಣ್ತದೆ. ಎಂತ ಮಾಡುದು?

ಹಳೆಪೆಟ್ಟಿಗೆ:
ಮಾರಾಯ್ರೇ ಫಾರ್ಮ್ಯಾಟ್ ಒತ್ಬೇಡಿ, ಆ ಫ್ಲಾಪಿಯನ್ನು ಇನ್ನೊಮ್ಮೆ ಹಾಕುದೂ ಬೇಡ. ನಮ್ಮ ಊರಿನ ಮಳೆಗಾಲದ ತೇವಕ್ಕೆ ಬಂದ ಬೂಸ್ಟು ಅದು, ಡ್ರೈವಿನ ಹೆಡ್ಡಿಗೆ (ಡಿಸ್ಕನ್ನು ಓದುವ ಭಾಗ) ಅಂಟಿ ಡಿಸ್ಕನ್ನೇ ಗೀರ್ತದೆ, ಮತ್ತೆ ಉಳಿದ ಐದನ್ನೂ ಹಾಳು ಮಾಡ್ತದೆ. ಮೊದಲು ಹೆಡ್ ಒರೆಸಿ. ಆಮೇಲೆ ಫ್ಲಾಪಿಯ ಚಿಪ್ಪು ಮೆಲ್ಲ ಬಿಡಿಸಿ, ಡಿಸ್ಕನ್ನು 99% ಐಸೊಪ್ರೊಪೈಲ್ ಆಲ್ಕೊಹಾಲ್‌ನಲ್ಲಿ ಒದ್ದೆ ಮಾಡಿದ, ನೂಲು ಬಿಡದ ಬಟ್ಟೆಯಲ್ಲಿ ಹಗುರ ಒರೆಸಿ, ಪೂರ್ತಿ ಒಣಗಿಸಿ, ಒಂದು ಬೇಡದ ಫ್ಲಾಪಿಯ ಚಿಪ್ಪಿಗೆ ಹಾಕಿ, ಯಾಕಂದ್ರೆ ಹಳೇ ಚಿಪ್ಪಿನ ಒಳಗಿನ ಬಟ್ಟೆಯಲ್ಲೂ ಬೂಸ್ಟು ಇರ್ತದೆ. ಮೂಲೆಯ ಸಣ್ಣ ಕಿಂಡಿ ತೆರೆದಿರ್ಲಿ, ಆಗ ಅದಕ್ಕೆ ಏನೂ ಬರೀಲಿಕ್ಕೆ ಆಗುದಿಲ್ಲ.

ಫೈಲ್ ಕಾಪಿ ಮಾಡ್ಲಿಕ್ಕೆ ಹೋಗ್ಬೇಡಿ, ಲಿನಕ್ಸಿನಲ್ಲಿ ಡಿಡಿರೆಸ್ಕ್ಯೂ ಅಂತ ಹಾಳಾದ ಡಿಸ್ಕ್ ಓದುವ ಪ್ರೋಗ್ರಾಮ್ ಹಾಕಿ ಇಡೀ ಡಿಸ್ಕಿನ ಇಮೇಜ್, ಅಂದ್ರೆ ಡಿಸ್ಕ್ ಇದ್ದ ಹಾಗೇ ಒಂದೇ ಫೈಲಿನ ನಕಲು, ತೆಗೀರಿ. ಓದ್ಲಿಕ್ಕೆ ಸಿಕ್ಕದ ಸೆಕ್ಟರನ್ನು (ಡಿಸ್ಕಿನ ಸಣ್ಣ ತುಂಡು) ಅದು ಮ್ಯಾಪ್ ಫೈಲಿನಲ್ಲಿ ಬರೆದಿಟ್ಟು ಆಮೇಲೆ ಪುನಃ ಪುನಃ ಪ್ರಯತ್ನ ಮಾಡ್ತದೆ. 1.44 ಎಂಬಿ ಫ್ಲಾಪಿ ಆದ್ರೆ ಇಮೇಜ್ ಸರಿಯಾಗಿ 14,74,560 ಬೈಟ್ ಬರ್ಬೇಕು.

ಕಾಪು_ಕಡಲು:
ಬಂತು!! ಎರಡು ಸೆಕ್ಟರ್ ಮಾತ್ರ ಹೋಗಿದೆ, ಅದು ಖಾಲಿ ಜಾಗದಲ್ಲಿ. ಆದ್ರೆ ಹಳೇ ಡಾಸ್ ಪ್ರೋಗ್ರಾಮ್ ಓಡಿಸುವ ಡಾಸ್‌ಬಾಕ್ಸ್‌ನಲ್ಲಿ ಶುರು ಮಾಡಿದ ಕೂಡ್ಲೆ "ರನ್‌ಟೈಮ್ ಎರರ್ 200" ಅಂತ ಹೇಳಿ ನಿಲ್ತದೆ. ಫೈಲೇ ಹಾಳಾಗಿದೆಯಾ? ಸೈಕಲ್ಸ್, ಅಂದ್ರೆ ಡಾಸ್‌ಬಾಕ್ಸಿನ ಸ್ಪೀಡ್, ಮ್ಯಾಕ್ಸಿಗೆ ಇಟ್ಟಿದ್ದೇನೆ.

ಹಳೆಪೆಟ್ಟಿಗೆ:
ಫೈಲ್ ಸರಿ ಉಂಟು, ಹೆದರ್ಬೇಡಿ. ಟರ್ಬೊ ಪಾಸ್ಕಲ್‌ನ ಸಿಆರ್‌ಟಿ ಯೂನಿಟ್ (ಸ್ಕ್ರೀನು, ಕೀಬೋರ್ಡು ನೋಡಿಕೊಳ್ಳುವ ಭಾಗ) ಶುರುವಿಗೆ ಸಿಪಿಯು ಎಷ್ಟು ಸ್ಪೀಡ್ ಅಂತ ಅಳೀತದೆ, 55 ಮಿಲಿಸೆಕೆಂಡಿನಲ್ಲಿ ಎಷ್ಟು ಸುತ್ತು ಓಡ್ತು ಅಂತ ಎಣಿಸಿ 55ರಿಂದ ಭಾಗಿಸ್ತದೆ, ಸಿಪಿಯು ತುಂಬಾ ಸ್ಪೀಡ್ ಇದ್ರೆ ಉತ್ತರ 16 ಬಿಟ್ಟಿನಲ್ಲಿ ಹಿಡಿಸುದಿಲ್ಲ, ಅದೇ ಎರರ್ 200. ಸೈಕಲ್ಸನ್ನು ಫಿಕ್ಸ್ಡ್ 3000ಕ್ಕೆ ಇಳಿಸಿ. ಆಟ ನಿಧಾನ ಅನ್ನಿಸಿದ್ರೆ ಕಂಟ್ರೋಲ್ ಎಫ್12 ಒತ್ತುತ್ತಾ ಏರಿಸಿ.

ಮತ್ತೆ ಒಂದು. ಪೇಟೆಯಲ್ಲಿ ಮಾರಿದ ಗೇಮಾದ್ರೆ ಎಲ್ಲಾದ್ರೂ ಯಾರಾದ್ರೂ ಇಟ್ಟಿರ್ತಾರೆ, ಇಂಟರ್ನೆಟ್ ಆರ್ಕೈವಿನಲ್ಲಿ ಸಾವಿರಗಟ್ಲೆ ಡಾಸ್ ಗೇಮ್ ಬ್ರೌಸರಿನಲ್ಲೇ ಆಡ್ಲಿಕ್ಕೆ ಉಂಟು. ನಿಮ್ಮ ಅಣ್ಣನದ್ದು ಈ ಒಂದು ಫ್ಲಾಪಿಯಲ್ಲಿ ಮಾತ್ರ. ಅವರ ಹತ್ರ ಕೇಳಿ, ಒಪ್ಪಿದ್ರೆ ಇಮೇಜು, ಮ್ಯಾಪ್ ಫೈಲು, ಲೇಬಲಿನ ಫೋಟೊ ಎಲ್ಲ ಒಟ್ಟಿಗೆ ಆ ಆರ್ಕೈವಿಗೆ ಹಾಕಿ, ಆಟದ ನಿಯಮ ಕನ್ನಡದಲ್ಲೂ ತುಳುವಿನಲ್ಲೂ ಬರೆದು ಸೇರ್ಸಿ.

ಕಾಪು_ಕಡಲು:
ಓಡ್ತಾ ಉಂಟು! ಅಣ್ಣನಿಗೆ ವಿಡಿಯೊ ಕಾಲ್ ಮಾಡಿ ತೋರ್ಸಿದೆ, ಹಾಕು ಅಂದ. ಇಮೇಜಿನಲ್ಲಿ ಪ್ರೋಗ್ರಾಮಿನ ಸೋರ್ಸ್ ಫೈಲೂ ಸಿಕ್ಕಿದೆ, ಅದನ್ನೂ ಹಾಕ್ತೇನೆ. ಉಳಿದ ಐದು ಫ್ಲಾಪಿ ನಾಳೆ ಒರೆಸ್ತೇನೆ.