ಮನೆ ಹರಾಜಾದ ಮೇಲೂ ಬಾಕಿ ಕಟ್ಟಬೇಕಾ?

ಮೈಸೂರಿನ ನಮ್ಮ ಮನೆಯನ್ನು ಬ್ಯಾಂಕಿನವರು ಸರ್ಫೇಸಿ ಕಾಯ್ದೆಯಡಿ (ಸಾಲ ಕಟ್ಟದಿದ್ದರೆ ಅಡವಿಟ್ಟ ಆಸ್ತಿ ಮಾರಲು ಬ್ಯಾಂಕಿಗೆ ಅಧಿಕಾರ ಕೊಡುವ ಕಾನೂನು) ಹರಾಜು ಹಾಕಿದರು. ಬಾಕಿ 33 ಲಕ್ಷ ಇತ್ತು, ಮನೆ 25 ಲಕ್ಷಕ್ಕೆ ಹೋಯಿತು. ಈಗ ಉಳಿದ 8 ಲಕ್ಷ ಕಟ್ಟಿ ಅಂತ ಪತ್ರ ಬಂದಿದೆ. ಮನೆಯೇ ಹೋದ ಮೇಲೆ ಸಾಲ ಚುಕ್ತಾ ಅಲ್ವಾ? ನನ್ನ ಸಂಬಳ 40 ಸಾವಿರ. ಜಾಮೀನು ಹಾಕಿರುವುದು ಅಕ್ಕನ ಗಂಡ. ಅನುಭವ ಇದ್ದವರು ದಯವಿಟ್ಟು ಹೇಳಿ.

ತುಮಕೂರಿನಿಂದ: ನಾನೂ ಹಾಗೇ ಅಂದುಕೊಂಡಿದ್ದೆ ಸರ್. ಚುಕ್ತಾ ಆಗುವುದಿಲ್ಲ. 2002ರ ಆ ಕಾಯ್ದೆಯ 13(10)ನೇ ಕಲಮಿನಲ್ಲೇ ಉಳಿದ ಬಾಕಿ ವಸೂಲಿಗೆ ದಾರಿ ಇಟ್ಟಿದ್ದಾರೆ. ಆದರೆ ಪತ್ರದಲ್ಲಿ ಬರೆದ ಮೊತ್ತವನ್ನು ಸುಮ್ನೆ ಒಪ್ಪಬೇಡಿ. ಹರಾಜಿನ ದುಡ್ಡಿನಲ್ಲಿ ಮೊದಲು ಖರ್ಚು ಕಳೆದು, ಆಮೇಲೆ ಸಾಲಕ್ಕೆ ಜಮಾ ಮಾಡುತ್ತಾರೆ. ಆ ಖರ್ಚಿನ ಪಟ್ಟಿ ಕೇಳಿ. ನನ್ನ ಪಟ್ಟಿಯಲ್ಲಿ ಖಾಲಿ ಮನೆ ಕಾಯುವ ಕಾವಲುಗಾರನ ಸಂಬಳವನ್ನು ಎರಡು ಸಲ ಹಾಕಿದ್ದರು! ಲಿಖಿತವಾಗಿ ಕೇಳಿದ ಮೇಲೇ ತೆಗೆದರು. ಮನೆ ತೀರಾ ಕಡಿಮೆಗೆ ಹೋಯಿತು ಅನ್ನಿಸಿದರೆ ಡಿಆರ್‌ಟಿಗೆ, ಅಂದರೆ ಸಾಲ ವಸೂಲಾತಿ ನ್ಯಾಯಮಂಡಳಿಗೆ, ಹೋಗಬಹುದು, ಆದರೆ 45 ದಿನದೊಳಗೆ. ನಾನು ಬೇಜಾರಿನಲ್ಲಿ ಕೂತು ಅದನ್ನು ಕಳೆದುಕೊಂಡೆ.

ಕೋರ್ಟಿನಲ್ಲಿ ಕೆಲಸ ಮಾಡಿ ನಿವೃತ್ತನಾದವನು: ಬ್ಯಾಂಕಿನವರು ಪತ್ರ ಬರೆದ ಮಾತ್ರಕ್ಕೆ ನಿಮ್ಮ ಸಂಬಳಕ್ಕೆ ಕೈ ಹಾಕಲು ಆಗುವುದಿಲ್ಲ. ಬಾಕಿ 20 ಲಕ್ಷ ಅಥವಾ ಜಾಸ್ತಿ ಇದ್ದರೆ ವಸೂಲಿಗೆ ಬ್ಯಾಂಕಿನವರು ಡಿಆರ್‌ಟಿಗೆ ಹೋಗಬೇಕು. ನಿಮ್ಮದು 8 ಲಕ್ಷ, ಹಾಗಾಗಿ ಅವರು ಸಿವಿಲ್ ಕೋರ್ಟಿನಲ್ಲಿ ದಾವೆ ಹಾಕಿ ಡಿಕ್ರಿ (ಹಣ ಕಟ್ಟಿ ಅನ್ನುವ ಕೋರ್ಟಿನ ತೀರ್ಪು) ತರಬೇಕು. ಸಮನ್ಸ್ ಬಂದರೆ ತಪ್ಪಿಸಿಕೊಳ್ಳಬೇಡಿ, ನಿಮ್ಮ ಮಾತು ಕೇಳದೆಯೇ ಏಕಪಕ್ಷೀಯ ಡಿಕ್ರಿ ಆಗಿಬಿಡುತ್ತದೆ. ಡಿಕ್ರಿ ಆದರೂ ಸಂಬಳದಲ್ಲಿ ಮೊದಲ 1,000 ರೂಪಾಯಿ ಮತ್ತು ಉಳಿದದ್ದರಲ್ಲಿ ಮೂರನೇ ಎರಡು ಪಾಲು ಮುಟ್ಟುವಂತಿಲ್ಲ. 40 ಸಾವಿರಕ್ಕೆ ಲೆಕ್ಕ ಹಾಕಿ: ತಿಂಗಳಿಗೆ ಹೆಚ್ಚೆಂದರೆ 13 ಸಾವಿರ ಜಪ್ತಿ. ಒಂದೇ ಡಿಕ್ರಿಗೆ ಒಟ್ಟು 24 ತಿಂಗಳು ಹಿಡಿದ ಮೇಲೆ ಅದೂ ನಿಲ್ಲುತ್ತದೆ. ಪಿಎಫ್ ಜಪ್ತಿ ಮಾಡುವಂತಿಲ್ಲ. ಆದರೆ ಬೇರೆ ಸೈಟು, ಬ್ಯಾಂಕಿನ ಠೇವಣಿ ಇದ್ದರೆ ಅವು ಸಿಗುತ್ತವೆ.

ಜಾಮೀನು ಹಾಕಿ ಸಿಕ್ಕಿಬಿದ್ದವಳು: ನಿಮ್ಮ ಭಾವನಿಗೆ ಹೇಳಿದ್ದೀರಾ? ಜಾಮೀನುದಾರರ ಹೊಣೆ ಸಾಲಗಾರನಷ್ಟೇ. ಮೊದಲು ಸಾಲಗಾರನನ್ನು ಹಿಡಿಯಿರಿ, ಆಮೇಲೆ ನನ್ನ ಹತ್ತಿರ ಬನ್ನಿ ಅಂತ ಹೇಳುವ ಹಾಗಿಲ್ಲ. ಸಾಲ ಮಾಡಿದ ನನ್ನ ತಮ್ಮ ಎಲ್ಲ ಸರಿಹೋಗುತ್ತೆ ಅಕ್ಕ ಅನ್ನುತ್ತಲೇ ಇದ್ದ, ನೋಟಿಸ್ ನನ್ನ ಆಫೀಸಿಗೆ ಬಂತು. ಇವತ್ತಿಗೂ ನಾವಿಬ್ಬರೂ ಸರಿಯಾಗಿ ಮಾತಾಡುವುದಿಲ್ಲ.

ಹುಬ್ಬಳ್ಳಿಯಿಂದ: ನಮ್ಮದು 6 ಲಕ್ಷ ಉಳಿದಿತ್ತು. ಒಟಿಎಸ್ (ಕಡಿಮೆ ಮೊತ್ತಕ್ಕೆ ಒಪ್ಪಿ ಸಾಲ ಮುಗಿಸುವ ಒಪ್ಪಂದ) ಕೇಳಿದೆವು, ಮೂರು ಕಂತಿನಲ್ಲಿ ಮೂರೂವರೆ ಲಕ್ಷಕ್ಕೆ ಮುಗಿಯಿತು. ಮ್ಯಾನೇಜರ್ ಬಾಯಿಮಾತಲ್ಲಿ ಒಪ್ಪಿದಾಗ ದುಡ್ಡು ಕಟ್ಟಬೇಡಿ. ಮಂಜೂರಾತಿ ಪತ್ರ ಕೈಗೆ ಬರಲಿ, ಅದರಲ್ಲಿ ಜಾಮೀನುದಾರರ ಹೊಣೆಯೂ ಮುಗಿಯಿತು ಅಂತ ಇರಲಿ. ಸಿಬಿಲ್‌ನಲ್ಲಿ, ಅಂದರೆ ನಮ್ಮ ಸಾಲದ ದಾಖಲೆಯಲ್ಲಿ, 'ಸೆಟಲ್ಡ್' ಅಂತ ಬೀಳುತ್ತದೆ, ಮುಂದೆ ಸಾಲ ಸಿಗುವುದು ಕಷ್ಟ. ನಾವು ಅದಕ್ಕೆ ತಲೆ ಕೆಡಿಸಿಕೊಳ್ಳಲಿಲ್ಲ. ಇನ್ನು ವಸೂಲಿಯವರು ಬೆಳಿಗ್ಗೆ 8ಕ್ಕಿಂತ ಮೊದಲು, ಸಂಜೆ 7ರ ನಂತರ ಫೋನ್ ಮಾಡುವ ಹಾಗಿಲ್ಲ, ರಿಸರ್ವ್ ಬ್ಯಾಂಕಿನ ನಿಯಮ. ಮಾಡಿದರೆ ಸಮಯ ಬರೆದಿಡಿ.

ಪ್ರಶ್ನೆ ಕೇಳಿದವನು: ಎಲ್ಲರಿಗೂ ಥ್ಯಾಂಕ್ಸ್. ಖರ್ಚಿನ ಪಟ್ಟಿ ಕೇಳಿ ಇವತ್ತೇ ರಿಜಿಸ್ಟರ್ ಪೋಸ್ಟ್ ಹಾಕಿದೆ. ಹರಾಜಾಗಿ 31 ದಿನ ಆಗಿದೆ, ನಾಳೆ ವಕೀಲರನ್ನು ನೋಡುತ್ತೇನೆ. ಭಾವನಿಗೆ ಇನ್ನೂ ಹೇಳಿಲ್ಲ ಮೇಡಂ. ರಾತ್ರಿ ಅವರ ಮನೆಗೇ ಹೋಗುತ್ತಿದ್ದೇನೆ.